ಅನುಕಲನಯಂತ್ರದ ಉತ್ತರ: ಪಾಠ, ಟೀಕೆ, ಉಪಪತ್ತಿ

೧

ಕಲನಶಾಸ್ತ್ರದ ಲೆಕ್ಕಗಳನ್ನು ಬಿಡಿಸಿಕೊಡುವ ಗಣಕಗಳು ಈಗ ಅಂತರಜಾಲದಲ್ಲಿ ಎಲ್ಲರಿಗೂ ಸುಲಭವಾಗಿ ದೊರೆಯುತ್ತಿವೆ. ವಿದ್ಯಾರ್ಥಿಯು ತನಗೆ ಕೊಟ್ಟಿರುವ ರಾಶಿಯನ್ನು ಒಂದು ಪಂಕ್ತಿಯಲ್ಲಿ ಬರೆದು ಗುಂಡಿಯನ್ನೊತ್ತಿದ ಮಾತ್ರಕ್ಕೆ ಅದರ ಅನುಕಲವೂ, ಅಪೇಕ್ಷಿಸಿದರೆ ಆ ಅನುಕಲವನ್ನು ಪಡೆಯುವ ಮೆಟ್ಟಿಲುಗಳೂ ತೆರೆಯ ಮೇಲೆ ಮೂಡುತ್ತವೆ. ಇದು ಗಣಿತದ ಉಪಾಧ್ಯಾಯರು ವಿಚಾರಿಸಬೇಕಾದ ಸಂಗತಿ. ಭಾಷೆ ಸಾಹಿತ್ಯಗಳ ಶೋಧನೆಗೆ ಮೀಸಲಾದ ಪತ್ರಿಕೆಯಲ್ಲಿ ಇದಕ್ಕೆ ಪ್ರಸಕ್ತಿಯೇನೆಂದು ವಾಚಕರು ಶಂಕಿಸಬಹುದು. ಅದಕ್ಕೆ ಸಮಾಧಾನವಿಷ್ಟು. ಯಂತ್ರವು ಕೊಡುವ ಉತ್ತರವೂ ಒಂದು ವಾಕ್ಯವೇ. ವಾಕ್ಯವಾದಮೇಲೆ ಅದಕ್ಕೆ ಅನ್ವಯವುಂಟು, ಪಾಠಾಂತರವುಂಟು, ಅರ್ಥದ ಎಲ್ಲೆಯುಂಟು. ಮೆಟ್ಟಿಲುಗಳೆಂಬುವು ಅದರ ಟೀಕೆ. ಇವುಗಳನ್ನು ಪರೀಕ್ಷಿಸುವ ಕ್ರಮವನ್ನು ನಾವು ಹಸ್ತಪ್ರತಿಗಳ ಮೇಲೆ ಬಹುಕಾಲದಿಂದ ಅಭ್ಯಾಸಮಾಡಿದ್ದೇವೆ. ಅದೇ ಕ್ರಮವನ್ನು ಈ ಹೊಸ ಬಗೆಯ ಪಾಠಕ್ಕೂ ಅನ್ವಯಿಸಿ ನೋಡುವುದು ಪ್ರಕೃತ ಲೇಖನದ ಉದ್ದೇಶ.

ನಮ್ಮ ಅಭಿಪ್ರಾಯವನ್ನು ಮೊದಲೇ ಹೇಳುವುದು ಮೇಲು. ಈ ಗಣಕಗಳು ಕೊಡುವ ಉತ್ತರವು ಬಹುಮಟ್ಟಿಗೆ ಸರಿಯಾದುದು. ಆ ವಿಷಯದಲ್ಲಿ ಅವುಗಳನ್ನು ಹಳಿಯಲು ಕಾರಣವಿಲ್ಲ. ಆದರೆ ಉತ್ತರದೊಡನೆ ತೋರಿಸುವ ಮೆಟ್ಟಿಲುಗಳು ಆ ಉತ್ತರದ ಹುಟ್ಟನ್ನು ಹೇಳುವುದಿಲ್ಲ; ಅದು ಎಲ್ಲಿಯವರೆಗೆ ಸಲ್ಲುತ್ತದೆಂಬುದನ್ನೂ ಹಲವು ವೇಳೆ ಹೇಳುವುದಿಲ್ಲ. ಆ ಎರಡನ್ನೂ ಹೇಳಬಲ್ಲುದು ಉಪಪತ್ತಿಯೊಂದೇ. ಆದಕಾರಣ ಯಂತ್ರದ ಉತ್ತರವನ್ನು ಆಪ್ತವಾಕ್ಯವೆಂದು ತಲೆಬಾಗಿ ಸ್ವೀಕರಿಸದೆ, ಪ್ರತಿಯ ಪಾಠವನ್ನು ಪರಿಶೋಧಿಸುವಂತೆ ಪರಿಶೋಧಿಸಿ ಸ್ವೀಕರಿಸತಕ್ಕುದು.

೨

ಗಣಿತದಲ್ಲಿ ಪರಿಚಯವಿಲ್ಲದ ವಾಚಕರಿಗಾಗಿ ಒಂದೆರಡು ಮಾತನ್ನು ಇಲ್ಲಿ ಹೇಳಬೇಕಾಗಿದೆ. ಒಂದು ರಾಶಿಯು ಬದಲಾಗುವ ವೇಗವನ್ನು ಕಂಡುಹಿಡಿಯುವುದು ಅವಕಲನ. ವೇಗವನ್ನು ತಿಳಿದು ಮೂಲರಾಶಿಯನ್ನು ಕಂಡುಹಿಡಿಯುವುದು ಅದರ ವಿಲೋಮವಾದ ಅನುಕಲನ. ವಕ್ರರೇಖೆಯ ಕೆಳಗಿನ ಕ್ಷೇತ್ರಫಲವೂ, ಬಾಗಿದ ಗೆರೆಯ ಉದ್ದವೂ ಇದರಿಂದಲೇ ದೊರೆಯುತ್ತವೆ. ಇವೆರಡಕ್ಕೂ ಇರುವ ತಾರತಮ್ಯವನ್ನು ವೈಯಾಕರಣನು ಬೇಗ ಗ್ರಹಿಸಬಲ್ಲನು. ಪದಗಳನ್ನು ಕೂಡಿಸಿ ಸಂಧಿಮಾಡುವುದಕ್ಕೆ ಸೂತ್ರಗಳು ಸಾಕು. ಕೂಡಿರುವುದನ್ನು ಬಿಡಿಸುವುದಕ್ಕೆ ಸೂತ್ರದ ಜೊತೆಗೆ ಪ್ರಕರಣಜ್ಞಾನವೂ ಊಹೆಯೂ ಬೇಕು. ಹಾಗೆಯೇ ಅವಕಲನಕ್ಕೆ ಕೆಲವೇ ನಿಯಮಗಳಿದ್ದರೆ ಯಾವ ರಾಶಿಯನ್ನಾದರೂ ತಪ್ಪದೆ ಸಾಧಿಸಬಹುದು. ಅನುಕಲನದಲ್ಲಿ ಯಾವ ನಿಯಮವನ್ನು ಎಲ್ಲಿ ಹಚ್ಚಬೇಕೆಂಬುದೇ ಸಮಸ್ಯೆ.

ಈ ಊಹೆಯ ಕೆಲಸವನ್ನು ಯಂತ್ರಕ್ಕೆ ಕಲಿಸುವ ಪ್ರಯತ್ನವು ಅಮೆರಿಕದ ಮ್ಯಾಸಚೂಸೆಟ್ಸ್ ತಂತ್ರಶಾಸ್ತ್ರ ಸಂಸ್ಥೆಯಲ್ಲಿ ಫಲಿಸಿತು. ಅಲ್ಲಿ ಜೇಮ್ಸ್ ಸ್ಲೇಗಲ್ ಅವರು ೧೯೬೧ರಲ್ಲಿ ತಮ್ಮ ಪ್ರಬಂಧಕ್ಕಾಗಿ 'ಸೇಂಟ್' ಎಂಬ ಕ್ರಮವಿಧಿಯನ್ನು ರಚಿಸಿದರು. ಅದು ಕಾಲೇಜಿನ ವಿದ್ಯಾರ್ಥಿಯಂತೆಯೇ ಒಂದು ಉಪಾಯವನ್ನು ಹಿಡಿದು ನೋಡಿ, ಫಲಿಸದಿದ್ದರೆ ಬಿಟ್ಟು ಮತ್ತೊಂದನ್ನು ಹಿಡಿಯುತ್ತಿತ್ತು. ಕೊಟ್ಟ ೮೬ ಲೆಕ್ಕಗಳಲ್ಲಿ ೮೪ನ್ನು ಬಿಡಿಸಿತು. ೧೯೬೭ರಲ್ಲಿ ಅದೇ ಸಂಸ್ಥೆಯ ಜೋಯೆಲ್ ಮೋಸಸ್ ಅವರ 'ಸಿನ್' ಎಂಬುದು ಹುಡುಕಾಟವನ್ನು ತಗ್ಗಿಸಿ, ರಾಶಿಯ ರೂಪವನ್ನು ಗುರುತಿಸಿ ತಕ್ಕ ಉಪಾಯವನ್ನು ಆರಿಸುವ ಕ್ರಮವನ್ನು ಹಿಡಿಯಿತು. ಮರುವರ್ಷ ಅಲ್ಲಿಯೇ ಆರಂಭವಾದ 'ಮ್ಯಾಕ್ಸಿಮಾ'ದ ಪೂರ್ವಜವಾದ 'ಮ್ಯಾಕ್‌ಸೈಮಾ'ದಲ್ಲಿ ಈ ಕೆಲಸ ಮುಂದುವರಿಯಿತು. ಇಂದಿನ ಮ್ಯಾಕ್ಸಿಮಾ ಎಲ್ಲರಿಗೂ ಮುಕ್ತವಾಗಿ ದೊರೆಯುತ್ತದೆ.

ಇದಕ್ಕಿಂತ ಗಹನವಾದುದು ಮತ್ತೊಂದು ದಾರಿ. ಫ್ರಾನ್ಸಿನ ಲಿಯೂವಿಲ್ ಎಂಬ ಗಣಿತಜ್ಞನು ೧೮೩೩ರಿಂದ ಪ್ರಕಟಿಸಿದ ಲೇಖನಗಳಲ್ಲಿ, ಒಂದು ರಾಶಿಗೆ ಪರಿಚಿತ ಫಲನಗಳಲ್ಲಿ ಅನುಕಲವಿದ್ದರೆ ಅದು ಯಾವ ಆಕಾರದಲ್ಲಿರಬೇಕೆಂಬುದನ್ನು ನಿರ್ಣಯಿಸಿದನು. ಆ ನಿರ್ಣಯವನ್ನು ಆಧಾರವಾಗಿಟ್ಟುಕೊಂಡು ರಾಬರ್ಟ್ ರಿಷ್ ಅವರು ೧೯೬೯-೭೦ರಲ್ಲಿ ಒಂದು ಕ್ರಮವನ್ನು ಪ್ರಕಟಿಸಿದರು. ಅದು ಅನುಕಲವಿದ್ದರೆ ತೋರಿಸುತ್ತದೆ. ಇಲ್ಲದಿದ್ದರೆ ಇಲ್ಲವೆಂದು ಸಾಧಿಸುತ್ತದೆ. ಎಷ್ಟು ಹುಡುಕಿದರೂ ಸಿಕ್ಕದ್ದಕ್ಕೂ ಇಲ್ಲದ್ದಕ್ಕೂ ಇರುವ ಭೇದವನ್ನು ಬಲ್ಲ ವಿದ್ಯಾರ್ಥಿಗಳು ವಿರಳ. ಈ ಒಂದಂಶದಲ್ಲಿ ಯಂತ್ರವು ಸಾಮಾನ್ಯ ಗಣಿತಜ್ಞನಿಗೂ ಮೇಲೆ. ಆದರೆ ವರ್ಗಮೂಲಾದಿಗಳು ಬೆರೆತ ರಾಶಿಗಳಲ್ಲಿ ಈ ಕ್ರಮವು ಬಹು ಕ್ಲಿಷ್ಟವಾದ್ದರಿಂದ ಅನೇಕ ಕ್ರಮವಿಧಿಗಳು ಅದರ ಭಾಗಗಳನ್ನು ಮಾತ್ರ ಅಳವಡಿಸಿಕೊಂಡಿವೆ. ೧೯೮೮ರಲ್ಲಿ ಹೊರಬಂದ 'ಮ್ಯಾಥಮ್ಯಾಟಿಕಾ', ೨೦೦೯ರಲ್ಲಿ ಅಂತರಜಾಲದಲ್ಲಿ ತೆರೆದ 'ವುಲ್ಫ್ರಮ್ ಆಲ್ಫಾ' ಮೊದಲಾದುವು ಈ ಪರಂಪರೆಯ ಫಲಗಳು. ಹೀಗಿರಲು, ಯಂತ್ರವು ಬರಿಯ ಗಿಣಿಪಾಠವನ್ನು ಒಪ್ಪಿಸುತ್ತದೆಂಬ ಆಕ್ಷೇಪಣೆ ನಿಲ್ಲಲಾರದು. ನಮ್ಮ ವಿಮರ್ಶೆಯು ಬೇರೆ ಕಡೆಯಿಂದ ಹೊರಡಬೇಕು.

೩

ಮೊದಲು ಅನ್ವಯವನ್ನು ನೋಡೋಣ. ಕಾಗದದ ಮೇಲೆ ಗಣಿತವನ್ನು ಬರೆಯುವಾಗ ಮೇಲೆ ಕೆಳಗೆ ಎಂಬ ಎರಡು ದಿಕ್ಕುಗಳಿರುತ್ತವೆ. ಭಾಗಾಕಾರದ ಗೆರೆ ಎಷ್ಟು ದೂರ ಹೋಗಿದೆಯೆಂದು ಕಣ್ಣಿಗೆ ಕಾಣುತ್ತದೆ. ಗಣಕಕ್ಕೆ ಬರೆಯುವುದು ಸಾಮಾನ್ಯವಾಗಿ ಒಂದೇ ಪಂಕ್ತಿಯಲ್ಲಿ. ಅಲ್ಲಿ ೧/೨ಕ್ಷ ಎಂದು ಬರೆದರೆ, ಒಂದನ್ನು ಎರಡರಿಂದ ಭಾಗಿಸಿ ಕ್ಷದಿಂದ ಗುಣಿಸಬೇಕೆ, ಒಂದನ್ನು ೨ಕ್ಷ ಎಂಬುದರಿಂದ ಭಾಗಿಸಬೇಕೆ ಎಂಬ ಸಂದೇಹ ಹುಟ್ಟುತ್ತದೆ. ಮೊದಲಿನ ಅನ್ವಯದಲ್ಲಿ ಅನುಕಲವು ಕ್ಷದ ವರ್ಗದ ಕಾಲುಭಾಗ. ಎರಡನೆಯದರಲ್ಲಿ ಕ್ಷದ ಸ್ವಾಭಾವಿಕ ಲಾಗರಿತಮಿನ ಅರ್ಧ. ಎರಡಕ್ಕೂ ಯಾವ ನಂಟೂ ಇಲ್ಲ. ವಿರಾಮಚಿಹ್ನೆಗಳಿಲ್ಲದ ತಾಳೆಗರಿಯಲ್ಲಿ ಪದವನ್ನು ಎಲ್ಲಿ ಕಡಿಯಬೇಕೆಂದು ಸಂಪಾದಕನು ತೊಳಲುವ ಸಂಕಟವೇ ಇದು. ಒಳ್ಳೆಯ ಗಣಕಗಳು ತಾವು ಗ್ರಹಿಸಿದ ಪ್ರಶ್ನೆಯನ್ನು ಶುದ್ಧರೂಪದಲ್ಲಿ ಮೊದಲು ಬರೆದು ತೋರಿಸುತ್ತವೆ. ಆದರೆ ಉತ್ತರದ ಆತುರದಲ್ಲಿರುವವನು ಆ ಪಂಕ್ತಿಯನ್ನು ಓದುವುದೇ ಇಲ್ಲ. ತಾನು ಕೇಳದ ಪ್ರಶ್ನೆಗೆ ಬಂದ ಸರಿಯಾದ ಉತ್ತರವನ್ನು ತನ್ನ ಪ್ರಶ್ನೆಯ ಉತ್ತರವೆಂದು ಬರೆದುಕೊಳ್ಳುತ್ತಾನೆ.

ಎರಡನೆಯದು ಪಾಠಾಂತರ. ಸೈನ್ ಕ್ಷ, ಕೋಸೈನ್ ಕ್ಷ ಇವುಗಳ ಗುಣಲಬ್ಧದ ಅನುಕಲವೇನು? ಒಂದು ಗಣಕವು ಸೈನ್ ಕ್ಷದ ವರ್ಗದ ಅರ್ಧವೆನ್ನಬಹುದು. ಮತ್ತೊಂದು ಕೋಸೈನ್ ಕ್ಷದ ವರ್ಗದ ಅರ್ಧವನ್ನು ಋಣಚಿಹ್ನೆಯೊಡನೆ ಕೊಡಬಹುದು. ಪಠ್ಯಪುಸ್ತಕದ ಕೊನೆಯಲ್ಲಿ ಕೋಸೈನ್ ೨ಕ್ಷದ ಕಾಲುಭಾಗವು ಋಣಚಿಹ್ನೆಯೊಡನೆ ಅಚ್ಚಾಗಿರಬಹುದು. ಮೂರೂ ಸಾಧುಪಾಠಗಳೇ. ಒಂದಕ್ಕೂ ಮತ್ತೊಂದಕ್ಕೂ ಇರುವ ವ್ಯತ್ಯಾಸವು ಒಂದು ಸ್ಥಿರರಾಶಿ ಮಾತ್ರ. ಅನುಕಲದ ಕೊನೆಗೆ ಸೇರಿಸುವ ಸ್ಥಿರಾಂಕವು ಆ ವ್ಯತ್ಯಾಸವನ್ನು ನುಂಗಿಕೊಳ್ಳುತ್ತದೆ. ಇದನ್ನು ತಿಳಿಯದ ವಿದ್ಯಾರ್ಥಿಯು ತನ್ನ ಸರಿಯಾದ ಉತ್ತರವನ್ನು ಹೊಡೆದುಹಾಕಿ ಯಂತ್ರದ್ದನ್ನು ಬರೆಯುತ್ತಾನೆ. ಇದನ್ನು ಮರೆತ ಪರೀಕ್ಷಕನು ಸರಿಯಾದ ಉತ್ತರಕ್ಕೆ ಅಂಕವನ್ನು ಕಳೆಯುತ್ತಾನೆ. ಪಾಠಾಂತರಗಳಲ್ಲಿ ಯಾವುದು ಲಿಪಿಕಾರನ ಪ್ರಮಾದ, ಯಾವುದು ಕವಿಗೆ ಸಮ್ಮತವಾಗಬಹುದಾದ ರೂಪ ಎಂದು ವಿವೇಚಿಸುವ ಶಕ್ತಿ ಇಲ್ಲಿಯೂ ಬೇಕಾಗಿದೆ.

ಪಾಠಾಂತರಗಳ ನಿರ್ಣಯಕ್ಕೆ ಗಣಿತದಲ್ಲಿ ಒಂದು ಅನುಕೂಲವುಂಟು. ಬಂದ ಉತ್ತರವನ್ನು ಅವಕಲನಮಾಡಿದರೆ ಕೊಟ್ಟ ರಾಶಿ ಮರಳಿ ಬರಬೇಕು. ಕ್ರಿ. ಶ. ೪೯೯ರ ಆರ್ಯಭಟೀಯದಲ್ಲಿಯೇ, ಫಲದಿಂದ ಹಿಂದಕ್ಕೆ ನಡೆದು ಗುಣಾಕಾರಕ್ಕೆ ಭಾಗಾಕಾರವನ್ನೂ ಕೂಡುವುದಕ್ಕೆ ಕಳೆಯುವುದನ್ನೂ ಹಚ್ಚಿ ಮೂಲರಾಶಿಯನ್ನು ಪಡೆಯುವ ವಿಲೋಮವಿಧಿಯನ್ನು ಹೇಳಿದೆ. ಅದೇ ಮನೋಧರ್ಮವನ್ನು ಇಲ್ಲಿಯೂ ತಂದುಕೊಳ್ಳಬಹುದು. ಅವಕಲನಕ್ಕೆ ಊಹೆ ಬೇಡವಾದ್ದರಿಂದ ಹತ್ತು ನಿಮಿಷದ ಅನುಕಲನವನ್ನು ಎರಡು ನಿಮಿಷದಲ್ಲಿ ಪರೀಕ್ಷಿಸಬಹುದಾಗಿದೆ. ಯಂತ್ರವನ್ನು ನಂಬಬೇಕೆ ಬೇಡವೆ ಎಂಬ ಪ್ರಶ್ನೆಗೆ ಇಲ್ಲಿ ಎಡೆಯೇ ಇಲ್ಲವೆಂದು ತೋರುತ್ತದೆ. ಆದರೆ ಈ ಪರೀಕ್ಷೆಯೂ ಎಲ್ಲ ಕಡೆಯಲ್ಲಿಯೂ ಸಾಲದು.

೪

ಎರಡಕ್ಕೆ ಕೋಸೈನ್ ಕ್ಷವನ್ನು ಕೂಡಿಸಿ, ಆ ಮೊತ್ತದಿಂದ ಒಂದನ್ನು ಭಾಗಿಸಿದ ರಾಶಿಯನ್ನು ತೆಗೆದುಕೊಳ್ಳೋಣ. ಇದನ್ನು ಅನುಕಲಿಸುವುದಕ್ಕೆ ಪಠ್ಯಪುಸ್ತಕಗಳೆಲ್ಲ ಒಂದೇ ಉಪಾಯವನ್ನು ಹೇಳುತ್ತವೆ: ಕ್ಷದ ಅರ್ಧದ ಟ್ಯಾಂಜೆಂಟನ್ನು ಹೊಸ ಚರರಾಶಿಯಾಗಿ ಹಿಡಿಯುವುದು. ಗಣಕದ ಮೆಟ್ಟಿಲುಗಳಲ್ಲಿಯೂ ಹೆಚ್ಚಾಗಿ ಇದೇ ಕಾಣುತ್ತದೆ. ಬರುವ ಉತ್ತರ: ಆ ಟ್ಯಾಂಜೆಂಟನ್ನು √೩ರಿಂದ ಭಾಗಿಸಿ, ಆ ಬೆಲೆಯುಳ್ಳ ಕೋನವನ್ನು ಕಂಡುಹಿಡಿದು, ಅದನ್ನು ೨/√೩ರಿಂದ ಗುಣಿಸತಕ್ಕದ್ದು. ಅವಕಲನಮಾಡಿ ನೋಡಿದರೆ ಮೂಲರಾಶಿಯೇ ಮರಳಿ ಬರುತ್ತದೆ. ವಿಲೋಮಪರೀಕ್ಷೆಯಲ್ಲಿ ಉತ್ತರವು ಗೆದ್ದಿತು.

ಈಗ ವಿದ್ಯಾರ್ಥಿಯು ಸೊನ್ನೆಯಿಂದ ೨ಪೈವರೆಗೆ, ಎಂದರೆ ಒಂದು ಪೂರ್ಣ ಸುತ್ತಿಗೆ, ಕ್ಷೇತ್ರಫಲವನ್ನು ಬಯಸಿ ಆ ಉತ್ತರದಲ್ಲಿ ಎರಡು ತುದಿಗಳ ಬೆಲೆಗಳನ್ನೂ ಹಾಕುತ್ತಾನೆ. ಎರಡು ತುದಿಗಳಲ್ಲಿಯೂ ಟ್ಯಾಂಜೆಂಟಿನ ಬೆಲೆ ಸೊನ್ನೆ. ಆದ್ದರಿಂದ ಕ್ಷೇತ್ರಫಲವೂ ಸೊನ್ನೆಯೆಂದಾಗುತ್ತದೆ. ಇದು ಅಸಂಭವ. ಕೋಸೈನಿನ ಬೆಲೆ ಋಣ ಒಂದಕ್ಕೂ ಧನ ಒಂದಕ್ಕೂ ನಡುವೆ ಇರುವುದರಿಂದ ನಮ್ಮ ರಾಶಿಯು ಎಂದಿಗೂ ಮೂರನೆಯ ಒಂದಕ್ಕೆ ಕಡಮೆಯಾಗದು. ಸುಮಾರು ೬.೨೮ ಉದ್ದದ ಪೀಠದ ಮೇಲೆ ಎಲ್ಲೆಲ್ಲಿಯೂ ಮೂರನೆಯ ಒಂದಕ್ಕೆ ಕಡಮೆಯಿಲ್ಲದ ಎತ್ತರವಿರುವಾಗ ಕ್ಷೇತ್ರಫಲವು ೨.೦೯ಕ್ಕೆ ಕಡಮೆಯಾಗುವುದು ಹೇಗೆ? ನಿಜವಾದ ಬೆಲೆ ೨ಪೈ/√೩, ಎಂದರೆ ಸುಮಾರು ೩.೬೩.

ತಪ್ಪಿನ ಕಾರಣವು ಉಪಾಯದಲ್ಲಿಯೇ ಇದೆ. ಕ್ಷದ ಅರ್ಧದ ಟ್ಯಾಂಜೆಂಟು ಕ್ಷವು ಪೈಗೆ ಸಮನಾದಾಗ ಅನಂತಕ್ಕೆ ಏರಿ, ಆಚೆಯ ಕಡೆ ಋಣಾನಂತದಿಂದ ಮೇಲಕ್ಕೆ ಬರುತ್ತದೆ. ಅಲ್ಲಿ ಉತ್ತರವು ಒಮ್ಮೆಗೇ ಕೆಳಕ್ಕೆ ಹಾರುತ್ತದೆ. ಕೊಟ್ಟ ರಾಶಿಯಲ್ಲಾದರೋ ಅಂತಹ ಬಿರುಕು ಇಲ್ಲ. ಆ ಬಿಂದುವಿನ ಎಡಕ್ಕೆ ಉತ್ತರ ಸರಿ, ಬಲಕ್ಕೂ ಸರಿ. ಅದನ್ನು ದಾಟಿ ಓದಿದರೆ ತಪ್ಪು. ಈ ದೋಷವನ್ನು ಎತ್ತಿ ತೋರಿಸಿ, ಬಿರುಕಿಲ್ಲದ ಉತ್ತರವನ್ನು ಪಡೆಯುವ ಕ್ರಮವನ್ನು ಜೆಫ್ರಿ ಮತ್ತು ರಿಚ್ ಎಂಬ ವಿದ್ವಾಂಸರು ೧೯೯೪ರಲ್ಲಿ ಪ್ರಕಟಿಸಿದ್ದಾರೆ. ಎರಡು ತುದಿಗಳನ್ನೂ ಮೊದಲೇ ಕೊಟ್ಟು ಕೇಳಿದರೆ ಒಳ್ಳೆಯ ಗಣಕಗಳು ಸರಿಯಾದ ಬೆಲೆಯನ್ನೇ ಕೊಡುತ್ತವೆಂಬುದನ್ನು ನ್ಯಾಯವಾಗಿ ಹೇಳಬೇಕು. ಅನಿಶ್ಚಿತ ಅನುಕಲವನ್ನು ಕೇಳಿ ಪಡೆದು, ಅದನ್ನು ತನ್ನ ಕೈಯಿಂದ ಮುಂದುವರಿಸುವ ಓದುಗನಿಗೆ ಅಪಾಯ. ಆತನು ಪಡೆದ ವಾಕ್ಯದಲ್ಲಿ ಅದರ ಎಲ್ಲೆ ಬರೆದಿರಲಿಲ್ಲ.

೫

ಎಲ್ಲೆಯನ್ನು ಹೇಳದ ನಿಯಮವು ಯಂತ್ರಯುಗದ ಹೊಸ ದೋಷವೇನೂ ಅಲ್ಲ. ಇದಕ್ಕೆ ನಮ್ಮ ನಾಡಿನ ಒಂದು ಪ್ರಾಚೀನ ಗ್ರಂಥವೇ ಸಾಕ್ಷಿಯಾಗಿದೆ. ಅದರಲ್ಲಿ ಬರುವ ಲೆಕ್ಕವೊಂದು ಅನುಕಲನಯಂತ್ರದವರೆಗೂ ನೇರವಾಗಿ ಬರುವುದರಿಂದ ಅದನ್ನು ಸ್ವಲ್ಪ ವಿಸ್ತಾರವಾಗಿ ನೋಡಬೇಕಾಗಿದೆ.

ರಾಷ್ಟ್ರಕೂಟ ಚಕ್ರವರ್ತಿಯಾದ ಅಮೋಘವರ್ಷ ನೃಪತುಂಗನನ್ನು ಸ್ತುತಿಸಿ, ಸುಮಾರು ಕ್ರಿ. ಶ. ೮೫೦ರಲ್ಲಿ, ಮಹಾವೀರಾಚಾರ್ಯನು ಸಂಸ್ಕೃತದಲ್ಲಿ ಗಣಿತಸಾರಸಂಗ್ರಹವನ್ನು ರಚಿಸಿದನು. ೧೯೧೨ರಲ್ಲಿ ಮದರಾಸಿನಿಂದ ಎಂ. ರಂಗಾಚಾರ್ಯರ ಸಂಪಾದಕತ್ವದಲ್ಲಿ ಇಂಗ್ಲಿಷ್ ಅನುವಾದದೊಡನೆ ಇದು ಪ್ರಕಟವಾಯಿತು. ಋಣರಾಶಿಯು ತನ್ನ ಸ್ವಭಾವದಿಂದಲೇ ವರ್ಗವಾಗಲಾರದು, ಆದ್ದರಿಂದ ಅದಕ್ಕೆ ವರ್ಗಮೂಲವಿಲ್ಲ ಎಂಬಲ್ಲಿ ಮಹಾವೀರನು ನಿಯಮದೊಡನೆ ಕಾರಣವನ್ನೂ ಹೇಳಿದ್ದಾನೆ. ತನ್ನ ಕಾಲದ ಅಂಕಗಳ ಮಟ್ಟಿಗೆ ಆ ಮಾತು ನಿರ್ದುಷ್ಟವಾಗಿದೆ. ಸೊನ್ನೆಯಿಂದ ಭಾಗಿಸಿದ ರಾಶಿಯು ವಿಕಾರವನ್ನು ಹೊಂದದೆ ಇದ್ದಂತೆಯೇ ಇರುತ್ತದೆ ಎಂಬಲ್ಲಿ ಕಾರಣವಿಲ್ಲ, ನಿಯಮವೂ ತಪ್ಪು.

ಗ್ರಂಥದ ಕ್ಷೇತ್ರಗಣಿತದಲ್ಲಿ ಆಯತವೃತ್ತಕ್ಕೆ ಸೂಕ್ಷ್ಮಫಲವನ್ನು ಹೇಳುವ ನಿಯಮವಿದೆ. ಅದರ ತಾತ್ಪರ್ಯ ಹೀಗೆ: ಅಗಲದ ವರ್ಗವನ್ನು ಆರರಿಂದ ಗುಣಿಸಿ, ಉದ್ದದ ಇಮ್ಮಡಿಯ ವರ್ಗವನ್ನು ಅದಕ್ಕೆ ಕೂಡಿಸಿ, ವರ್ಗಮೂಲವನ್ನು ತೆಗೆದರೆ ಪರಿಧಿ, ಆ ಪರಿಧಿಯನ್ನು ಅಗಲದ ಕಾಲುಭಾಗದಿಂದ ಗುಣಿಸಿದರೆ ಕ್ಷೇತ್ರಫಲ. ಉದ್ದವೂ ಅಗಲವೂ ಸಮನಾದರೆ ಆಯತವೃತ್ತವು ವೃತ್ತವೇ ಆಗುತ್ತದೆ. ಆಗ ಪರಿಧಿಯು ವ್ಯಾಸದ √೧೦ರಷ್ಟು. ಪೈಗೆ √೧೦ ಎಂಬ ಬೆಲೆಯನ್ನು ಅಂದು ಸೂಕ್ಷ್ಮವೆಂದು ಎಣಿಸುತ್ತಿದ್ದರು. ಕ್ಷೇತ್ರಫಲವು ಪರಿಧಿ ಮತ್ತು ವ್ಯಾಸದ ಕಾಲುಭಾಗ ಇವುಗಳ ಗುಣಲಬ್ಧ. ಇದು ವೃತ್ತದಲ್ಲಿ ಸಂಪೂರ್ಣವಾಗಿ ಸರಿ.

ಈಗ ಆಯತವೃತ್ತವೆಂಬುದನ್ನು ಇಂದಿನ ದೀರ್ಘವೃತ್ತವೆಂದು ಗ್ರಹಿಸಿ, ಉದ್ದ ೩೬, ಅಗಲ ೧೨ ಎಂದಿಟ್ಟುಕೊಳ್ಳೋಣ. ನಿಯಮದಂತೆ ಪರಿಧಿಯು √೬೦೪೮, ಎಂದರೆ ಸುಮಾರು ೭೭.೮. ನಿಜವಾದ ಪರಿಧಿ ಸುಮಾರು ೮೦.೨. ಹೀಗೆ ಪರಿಧಿಯಲ್ಲಿ ಬಂದ ದೋಷ ನೂರಕ್ಕೆ ಮೂರರಷ್ಟು ಮಾತ್ರ. ನಿಯಮವು ಶ್ಲಾಘ್ಯವೇ ಸರಿ. ಕ್ಷೇತ್ರಫಲವಾದರೋ ನಿಯಮದಂತೆ ಸುಮಾರು ೨೩೩. ನಿಜವಾದುದು ೧೦೮ ಪೈ, ಎಂದರೆ ಸುಮಾರು ೩೩೯. ಸುಮಾರು ಮೂರನೆಯ ಒಂದು ಭಾಗವೇ ಕೈಬಿಟ್ಟಂತಾಯಿತು. ವೃತ್ತದಲ್ಲಿ ಸತ್ಯವಾದ ಸಂಬಂಧವು ಎಲ್ಲೆಯನ್ನು ದಾಟಿ ದೀರ್ಘವೃತ್ತಕ್ಕೆ ಬಂದುದರಿಂದ ಈ ದೋಷವುಂಟಾಗಿದೆ.

ಉಪಪತ್ತಿಯನ್ನು ಕೇಳಿದ್ದರೆ ಏನಾಗುತ್ತಿತ್ತು? ವೃತ್ತವನ್ನು ಕೇಂದ್ರದಿಂದ ಪರಿಧಿಯವರೆಗೆ ಅತಿ ಸಣ್ಣ ತ್ರಿಕೋನಗಳಾಗಿ ಕತ್ತರಿಸಿದರೆ ಒಂದೊಂದರ ಪೀಠವೂ ಪರಿಧಿಯ ಒಂದು ತುಣುಕು; ಎತ್ತರವು ಎಲ್ಲೆಡೆಯೂ ತ್ರಿಜ್ಯವೇ. ಆದ್ದರಿಂದ ಎಲ್ಲವನ್ನೂ ಕೂಡಿಸಿದರೆ ಪರಿಧಿಯನ್ನು ತ್ರಿಜ್ಯದ ಅರ್ಧದಿಂದ, ಎಂದರೆ ವ್ಯಾಸದ ಕಾಲುಭಾಗದಿಂದ, ಗುಣಿಸಿದಂತಾಗುತ್ತದೆ. ಹೀಗೆ ಹೇಳಿದೊಡನೆಯೇ 'ಎತ್ತರವು ಎಲ್ಲೆಡೆಯೂ ಒಂದೇ' ಎಂಬ ಮಾತು ಎದುರಿಗೆ ನಿಲ್ಲುತ್ತದೆ. ದೀರ್ಘವೃತ್ತದಲ್ಲಿ ಅದು ಒಂದೇ ಅಲ್ಲ. ಆದ್ದರಿಂದ ನಿಯಮವು ಅಲ್ಲಿಗೆ ಸಲ್ಲದು. ಇದರಿಂದ ಒಂದು ಮುಖ್ಯವಾದ ತತ್ತ್ವವು ತಿಳಿದುಬರುತ್ತದೆ: ನಿಯಮದ ಎಲ್ಲೆಯನ್ನು ಬೇರೆಯಾಗಿ ಬರೆದಿಡಬೇಕಾಗಿಲ್ಲ, ಉಪಪತ್ತಿಯು ಅದನ್ನು ತನ್ನೊಳಗೇ ಹೊತ್ತಿರುತ್ತದೆ. ಉಪಪತ್ತಿಯಿಂದ ಬೇರ್ಪಟ್ಟ ನಿಯಮದಲ್ಲಿ ಎಲ್ಲೆಯು ಮೊದಲು ಕಳೆದುಹೋಗುತ್ತದೆ.

ದೀರ್ಘವೃತ್ತದ ಪರಿಧಿಯನ್ನು ಇಂದಿನ ಗಣಕಕ್ಕೆ ಕೇಳಿದರೆ ಮತ್ತೊಂದು ಬಗೆಯ ಪಾಠವು ಸಿಗುತ್ತದೆ. ಈ ಅನುಕಲಕ್ಕೆ ಪರಿಚಿತ ಫಲನಗಳಲ್ಲಿ ಉತ್ತರವಿಲ್ಲವೆಂಬುದು ಲಿಯೂವಿಲನ ಕಾಲದಿಂದ ಸಿದ್ಧವಾಗಿದೆ. ಆದ್ದರಿಂದ ಗಣಕವು ಒಂದು ಹೆಸರನ್ನು ಕೊಡುತ್ತದೆ: ೭೨ನ್ನು ೮/೯ರ 'ಪೂರ್ಣ ದೈರ್ಘ್ಯವೃತ್ತೀಯ ಅನುಕಲ'ದಿಂದ ಗುಣಿಸತಕ್ಕದ್ದು. ಇದು ಕೇಳಿದ ಪ್ರಶ್ನೆಯನ್ನೇ ಬೇರೊಂದು ಹೆಸರಿನಿಂದ ಕರೆದಂತಲ್ಲವೆ ಎಂದು ಆಕ್ಷೇಪಿಸಬಹುದು. ಒಂದು ಮಟ್ಟಿಗೆ ನಿಜ. ಆದರೆ ಕ್ಷದಿಂದ ಒಂದನ್ನು ಭಾಗಿಸಿದ ರಾಶಿಯ ಅನುಕಲಕ್ಕೆ ಲಾಗರಿತಮ್ ಎಂದು ನಾವು ಕೊಡುವ ಉತ್ತರವೂ ಹೆಸರೇ. ಸಂಖ್ಯಾಶಾಸ್ತ್ರಜ್ಞರಿಗೆ ನಿತ್ಯವೂ ಬೇಕಾದ ಘಂಟಾಕಾರದ ವಕ್ರರೇಖೆಯ ಅನುಕಲಕ್ಕೂ ಗ್ಲೇಷರ್ ಎಂಬಾತನು ೧೮೭೧ರಲ್ಲಿ ದೋಷಫಲನವೆಂಬ ಅರ್ಥದ ಹೆಸರನ್ನಿಟ್ಟನು. ನಿಘಂಟಿನಲ್ಲಿ ಒಂದು ಪದಕ್ಕೆ ಪರ್ಯಾಯಪದವನ್ನು ಕೊಟ್ಟರೆ, ಆ ಪರ್ಯಾಯವು ಓದುಗನಿಗೆ ಮೊದಲೇ ಪರಿಚಿತವಾಗಿದ್ದರೆ ಮಾತ್ರ ಉಪಯೋಗ. ಹೆಸರಿನ ಹಿಂದೆ ಗುಣಧರ್ಮಗಳ ಅಭ್ಯಾಸವೂ ಬೆಲೆಗಳ ಕೋಷ್ಟಕವೂ ಇದ್ದಲ್ಲಿ ಅದು ಉತ್ತರವೇ. ಇದನ್ನು ಅರಿಯದವನಿಗೆ ಅದು ಬರಿಯ ಶಬ್ದ.

ಇದಕ್ಕಿಂತ ಸೂಕ್ಷ್ಮವಾದ ತೊಡಕು ಆವರಣದೊಳಗಿನ ೮/೯ ಎಂಬ ಅಂಕದಲ್ಲಿದೆ. ಮ್ಯಾಥಮ್ಯಾಟಿಕಾ, ಮ್ಯಾಕ್ಸಿಮಾ ಇವೆರಡರ ಸಂಪ್ರದಾಯದಲ್ಲಿ ಅಲ್ಲಿ ಬರೆಯತಕ್ಕದ್ದು ಉತ್ಕೇಂದ್ರತೆಯ ವರ್ಗ; ಅನೇಕ ಗ್ರಂಥಗಳಲ್ಲಿ ಅದೇ ಸ್ಥಾನದಲ್ಲಿ ಉತ್ಕೇಂದ್ರತೆಯನ್ನೇ ಬರೆಯುತ್ತಾರೆ. ಒಂದರಲ್ಲಿ ಪಡೆದ ಉತ್ತರವನ್ನು ಮತ್ತೊಂದರ ಕೋಷ್ಟಕದಿಂದ ಓದಿದರೆ ೮೦.೨ ಬರಬೇಕಾದಲ್ಲಿ ಸುಮಾರು ೮೫.೩ ಬರುತ್ತದೆ. ಅಕ್ಷರವೊಂದೇ, ಪರಿಭಾಷೆ ಎರಡು. ಒಂದೇ ಪಾರಿಭಾಷಿಕ ಪದವು ಎರಡು ಶಾಸ್ತ್ರಗಳಲ್ಲಿ ಬೇರೆ ಬೇರೆ ಅರ್ಥವನ್ನು ಪಡೆದಿರುವಾಗ ಟೀಕಾಕಾರನು ವಹಿಸುವ ಎಚ್ಚರವು ಇಲ್ಲಿಯೂ ಅವಶ್ಯಕ. ಮಹಾವೀರನ ನಿಯಮವನ್ನು ಅನುಸರಿಸಿದವನ ಪರಿಧಿಯಲ್ಲಿ ದೋಷವು ೨.೪, ಇಂದಿನ ಯಂತ್ರದ ನಿರ್ದುಷ್ಟವಾದ ಉತ್ತರವನ್ನು ತಪ್ಪಾಗಿ ಓದಿದವನಿಗೆ ೫ಕ್ಕೂ ಹೆಚ್ಚು!

೬

ಇನ್ನು ಟೀಕೆಯ ವಿಚಾರ. ಮೆಟ್ಟಿಲು ಮೆಟ್ಟಿಲಾಗಿ ತೋರಿಸುವ ವಿವರಣೆಯೇ ಈ ಗಣಕಗಳಿಗೆ ವಿದ್ಯಾರ್ಥಿಗಳಲ್ಲಿ ಇಷ್ಟು ಪ್ರಚಾರವನ್ನು ತಂದುದು. ಆ ವಿವರಣೆಯನ್ನು ಓದಿದವನು, ಯಂತ್ರವು ಈ ಮೆಟ್ಟಿಲುಗಳನ್ನು ಹತ್ತಿಯೇ ಉತ್ತರವನ್ನು ಮುಟ್ಟಿತೆಂದು ಸಹಜವಾಗಿ ಭಾವಿಸುತ್ತಾನೆ. ವಾಸ್ತವಾಂಶ ಬೇರೆ. ಉತ್ತರವನ್ನು ತಾನು ರಿಷ್ ಅವರ ಕ್ರಮವೇ ಮೊದಲಾದ, ಮನುಷ್ಯರು ಕೈಯಿಂದ ಮಾಡಲಾಗದ ವಿಧಾನಗಳಿಂದ ಪಡೆಯುವುದಾಗಿಯೂ, ಮೆಟ್ಟಿಲುಗಳನ್ನು ಮನುಷ್ಯರ ರೀತಿಯನ್ನು ಅನುಕರಿಸುವ ಬೇರೆ ವಿಧಾನಗಳಿಂದ ರಚಿಸುವುದಾಗಿಯೂ ವುಲ್ಫ್ರಮ್ ಆಲ್ಫಾ ತನ್ನ ವಿವರಣೆಯಲ್ಲಿಯೇ ಹೇಳಿಕೊಂಡಿದೆ. ಮ್ಯಾಕ್ಸಿಮಾವನ್ನು ಆಧಾರವಾಗಿಟ್ಟುಕೊಂಡಿರುವ 'ಇಂಟೆಗ್ರಲ್ ಕ್ಯಾಲ್ಕ್ಯುಲೇಟರ್' ಎಂಬ ತಾಣದಲ್ಲಿಯೂ ಮೆಟ್ಟಿಲುಗಳಿಗಾಗಿ ಬೇರೆಯೇ ಕ್ರಮವಿಧಿಯುಂಟು. ಎಂದರೆ, ಮೂಲದ ಕರ್ತೃ ಒಬ್ಬನು, ಟೀಕಾಕಾರನು ಮತ್ತೊಬ್ಬನು.

ಇದರಲ್ಲಿ ವಂಚನೆಯಿದೆಯೆಂದು ನಾವು ಹೇಳುವುದಿಲ್ಲ. ಟೀಕೆಯನ್ನು ಬೇರೊಬ್ಬನು ಬರೆಯುವುದು ನಮ್ಮಲ್ಲಿ ಸಂಪ್ರದಾಯವೇ ಆಗಿದೆ. ಮೂಲಕ್ಕಿಂತ 'ಟೀಕೆ'ಯ ಉತ್ತರವೇ ಚಿಕ್ಕದೂ ಚೊಕ್ಕದೂ ಆಗಿರುವ ಸಂದರ್ಭಗಳೂ ಈ ಗಣಕಗಳಲ್ಲಿ ಉಂಟು. ಆದರೆ ಟೀಕೆಯನ್ನು ಟೀಕೆಯೆಂದೇ ತಿಳಿದು ಓದಬೇಕು. ಈ ಟೀಕೆಗೆ ಒಂದು ವಿಶೇಷ ಲಕ್ಷಣವಿದೆ. 'ಕ್ಷದ ಅರ್ಧದ ಟ್ಯಾಂಜೆಂಟನ್ನು ಹಿಡಿ' ಎಂದು ಅದು ಹೇಳುತ್ತದೆ. ಅದನ್ನೇ ಏತಕ್ಕೆ ಹಿಡಿಯಬೇಕು, ಬೇರೆ ಯಾವ ಯಾವ ಉಪಾಯಗಳು ವಿಫಲವಾದುವು, ಹಿಡಿದುದರಿಂದ ಯಾವ ಬಿಂದುವಿನಲ್ಲಿ ಬಿರುಕು ಬಂದಿತು ಎಂಬುದನ್ನು ಅದು ಹೇಳುವುದು ಅಪರೂಪ. ಸೋತ ಪ್ರಯತ್ನಗಳೆಲ್ಲ ಅಳಿಸಿಹೋಗಿ ಗೆದ್ದ ದಾರಿಯೊಂದೇ ಉಳಿದಿರುವುದರಿಂದ ಆ ದಾರಿ ಮೊದಲಿನಿಂದಲೂ ಸ್ಪಷ್ಟವಾಗಿತ್ತೆಂಬ ಭ್ರಮೆ ಹುಟ್ಟುತ್ತದೆ. ಸಂಸ್ಕೃತದ ಅಭ್ಯಾಸದಲ್ಲಿ ಪ್ರತಿಪದಾರ್ಥವನ್ನು ಬಾಯಿಪಾಠಮಾಡಿ ಶ್ಲೋಕದ ಭಾವವನ್ನು ಮುಟ್ಟದ ವಿದ್ಯಾರ್ಥಿಗಳು ಎಲ್ಲ ಕಾಲದಲ್ಲಿಯೂ ಇದ್ದರು. ಈ ಮೆಟ್ಟಿಲುಗಳು ಅನುಕಲನದ ಪ್ರತಿಪದಾರ್ಥ. ಪ್ರಕ್ರಿಯೆಯನ್ನು ಹೇಳುವುವು, ಉಪಪತ್ತಿಯನ್ನು ಹೇಳುವುವಲ್ಲ.

ಪ್ರಕ್ರಿಯೆಗೂ ಉಪಪತ್ತಿಗೂ ಇರುವ ಈ ಭೇದವು ನಮ್ಮ ಗಣಿತಜ್ಞರಿಗೆ ಚೆನ್ನಾಗಿ ತಿಳಿದಿತ್ತು. ೧೧೫೦ರಲ್ಲಿ ಸಿದ್ಧಾಂತಶಿರೋಮಣಿಯನ್ನು ಮುಗಿಸಿದ ಭಾಸ್ಕರಾಚಾರ್ಯನು, ಗ್ರಹಗಣಿತವನ್ನು ಮಾಡಬಲ್ಲವನಾದರೂ ಅದರ ಉಪಪತ್ತಿಯನ್ನು ಅರಿಯದ ಗಣಕನಿಗೆ ಪ್ರೌಢಸಭೆಯಲ್ಲಿ ಮನ್ನಣೆಯಿಲ್ಲ, ಅವನಿಗೆ ತನ್ನ ಸಂಶಯವೂ ತೀರುವುದಿಲ್ಲ ಎಂಬ ಅಭಿಪ್ರಾಯವನ್ನು ಅದರ ಗೋಲಾಧ್ಯಾಯದಲ್ಲಿ ಸೂಚಿಸಿದ್ದಾನೆ. ಸುಮಾರು ೧೫೩೦ರಲ್ಲಿ ಕೇರಳದ ಜ್ಯೇಷ್ಠದೇವನು ಯುಕ್ತಿಭಾಷೆಯನ್ನು ಬರೆದನು. ಪರಿಧಿಯನ್ನು ಅನಂತಶ್ರೇಢಿಯಿಂದ ಪಡೆಯುವ ನಿಯಮಕ್ಕೆ ಅದರಲ್ಲಿ ಯುಕ್ತಿಯನ್ನು ಕೊಟ್ಟಿದೆ. ವೃತ್ತಕ್ಕೆ ತಗುಲಿದ ಭುಜವನ್ನು ಎಣಿಕೆಗೆ ಮೀರಿದಷ್ಟು ಸಣ್ಣ ತುಣುಕುಗಳಾಗಿ ಒಡೆದು, ತುಣುಕುಗಳ ಘಾತಗಳ ಸಂಕಲಿತವನ್ನು ಕಂಡುಹಿಡಿದು, ಹಂತಹಂತವಾಗಿ 'ಏತಕ್ಕೆ' ಎಂಬುದನ್ನು ಹೇಳುತ್ತ ಆತನು ನಡೆಯುತ್ತಾನೆ. ಇಂದು ಅನುಕಲನವೆಂದು ನಾವು ಕರೆಯುವ ವ್ಯಾಪಾರಕ್ಕೆ ಇದು ಬಹಳ ಸಮೀಪವಾದುದು. ಆ ಗ್ರಂಥವು ಸಂಸ್ಕೃತಪದ್ಯದಲ್ಲಿಲ್ಲ, ಮಲಯಾಳದ ಗದ್ಯದಲ್ಲಿದೆ. ನಿಯಮವನ್ನು ನೆನಪಿನಲ್ಲಿಡಲು ಪದ್ಯ ಸಾಕು. ಯುಕ್ತಿಯನ್ನು ಮನಸ್ಸಿಗೆ ಹಿಡಿಸಲು ದೇಶಭಾಷೆಯ ಗದ್ಯವು ಬೇಕಾಯಿತೆಂಬುದು ಸಾಹಿತ್ಯದ ಅಧ್ಯಾಪಕರು ಗಮನಿಸತಕ್ಕ ಅಂಶ.

೭

ಇಲ್ಲಿ ಒಂದು ಪೂರ್ವಪಕ್ಷವನ್ನು ಎತ್ತಬಹುದು. ಲಾಗರಿತಮಿನ ಕೋಷ್ಟಕವನ್ನು ನೋಡುವವನಿಂದ ಯಾರೂ ಅದರ ಉಪಪತ್ತಿಯನ್ನು ಕೇಳಲಿಲ್ಲ. ಅನುಕಲಗಳ ಕೋಷ್ಟಕಗಳನ್ನೂ ಎಂಜಿನಿಯರುಗಳು ಬಹುಕಾಲ ನಂಬಿಕೊಂಡೇ ಕೆಲಸಮಾಡಿದರು. ಯಂತ್ರಕ್ಕೆ ಮಾತ್ರ ಈ ಕಟ್ಟುಪಾಡೇಕೆ? ಈ ಮಾತಿನಲ್ಲಿ ಸತ್ಯಾಂಶವಿದೆ. ಸೇತುವೆಯ ಲೆಕ್ಕವನ್ನು ಮಾಡುವವನಿಗೆ ಬೇಕಾದುದು ಬೆಲೆ. ಅವನಿಗೆ ಯಂತ್ರವು ಪರಮೋಪಕಾರಿ. ಆದರೆ ಅಚ್ಚಾದ ಕೋಷ್ಟಕಕ್ಕೆ ಒಂದು ಗುಣವಿತ್ತು. ಹಾಲೆಂಡಿನ ಬಿಯರೆನ್ಸ್ ಡೆ ಹಾನನು ೧೮೬೭ರಲ್ಲಿ ಪ್ರಕಟಿಸಿದ ನಿಶ್ಚಿತ ಅನುಕಲಗಳ ಕೋಷ್ಟಕವನ್ನು ಲಿಂಡ್ಮನ್ ಎಂಬ ವಿದ್ವಾಂಸನು ಪರಿಶೋಧಿಸಿ ೧೮೯೧ರಲ್ಲಿ ತಿದ್ದುಪಡಿಗಳನ್ನು ಪ್ರಕಟಿಸಿದನು. ಗ್ರಂಥವು ನಿಂತಲ್ಲಿ ನಿಂತಿದ್ದುದರಿಂದಲೇ ಇದು ಸಾಧ್ಯವಾಯಿತು. ಅಂತರಜಾಲದ ಗಣಕದ ಒಳಗಿನ ಕ್ರಮವಿಧಿಯು ಆಗಾಗ ಬದಲಾಗುತ್ತದೆ. ಉತ್ತರದ ಪಕ್ಕದಲ್ಲಿ ಸಾಮಾನ್ಯವಾಗಿ ಯಾವ ಆವೃತ್ತಿಯ ಗುರುತೂ ಇರುವುದಿಲ್ಲ. ನಿನ್ನೆಯ ತಪ್ಪನ್ನು ಇಂದು ತಿದ್ದಿರಬಹುದು, ಅದು ಸಂತೋಷವೇ. ಆದರೆ ನಿನ್ನೆ ಅದನ್ನು ಬರೆದುಕೊಂಡು ಹೋದವನಿಗೆ ಶುದ್ಧಿಪತ್ರ ತಲುಪುವುದಿಲ್ಲ. ಕಾಲವನ್ನೂ ಸ್ಥಳವನ್ನೂ ಹೇಳದ ಪ್ರತಿಯಿಂದ ಪಾಠವನ್ನು ಉದ್ಧರಿಸುವಾಗ ನಾವು ಎಷ್ಟು ಸಂಕೋಚಪಡುತ್ತೇವೆಂಬುದನ್ನು ಇಲ್ಲಿ ನೆನೆಯಬಹುದು.

ಮತ್ತೊಂದು ಭೇದವೂ ಇದೆ. ಕೋಷ್ಟಕವು ಕಲಿತವನ ಕೈಯಲ್ಲಿರುತ್ತಿತ್ತು; ಈ ಗಣಕವು ಕಲಿಯುತ್ತಿರುವವನ ಕೈಯಲ್ಲಿದೆ. ಕಲಿಯುವವನಿಗೆ ಅನುಕಲನದ ಅಭ್ಯಾಸವನ್ನು ಕೊಡುವುದು ಉತ್ತರಗಳಿಗಾಗಿ ಅಲ್ಲ. ಆ ಉತ್ತರಗಳೆಲ್ಲ ಪುಸ್ತಕದ ಕೊನೆಯಲ್ಲಿ ಇದ್ದೇ ಇವೆ. ಯಾವ ದಾರಿಯನ್ನು ಏತಕ್ಕೆ ಆರಿಸಬೇಕೆಂಬ ವಿವೇಕವನ್ನೂ, ಆರಿಸಿದ ದಾರಿ ಎಲ್ಲಿ ಮುರಿಯುತ್ತದೆಂಬ ಎಚ್ಚರವನ್ನೂ ಬೆಳೆಸುವುದಕ್ಕಾಗಿ. ಆ ಎರಡನ್ನೂ ತೋರಿಸದ ಟೀಕೆಯು ಎಷ್ಟು ವಿಸ್ತಾರವಾಗಿದ್ದರೂ ಈ ಪ್ರಯೋಜನಕ್ಕೆ ಒದಗಲಾರದು.

ಯಂತ್ರವನ್ನು ನಿಷೇಧಿಸಬೇಕೆಂಬುದು ನಮ್ಮ ಮತವಲ್ಲ. ಅದು ಆಗುವ ಕೆಲಸವೂ ಅಲ್ಲ. ಯಂತ್ರದ ಉತ್ತರವನ್ನು ತಂದೊಪ್ಪಿಸುವ ವಿದ್ಯಾರ್ಥಿಯಿಂದ ಉಪಾಧ್ಯಾಯರು ನಾಲ್ಕು ಸಂಗತಿಗಳನ್ನು ಕೇಳಿದರೆ ಸಾಕು. ಯಂತ್ರವು ಪ್ರಶ್ನೆಯನ್ನು ಹೇಗೆ ಅನ್ವಯಿಸಿಕೊಂಡಿತೆಂಬುದನ್ನು ಆತನು ತನ್ನ ಮಾತಿನಲ್ಲಿ ಬರೆಯಲಿ. ಉತ್ತರವನ್ನು ಅವಕಲನಮಾಡಿ ಮೂಲರಾಶಿಯನ್ನು ಮರಳಿ ತೋರಿಸಲಿ. ಅದು ಯಾವ ಬಿಂದುವಿನಿಂದ ಯಾವ ಬಿಂದುವಿನವರೆಗೆ ಸಲ್ಲುತ್ತದೆಂಬುದನ್ನು ಹೇಳಿ, ಬೆಲೆಯು ಎಷ್ಟಕ್ಕೆ ಕಡಮೆಯಾಗದು, ಎಷ್ಟನ್ನು ಮೀರದು ಎಂಬ ಸ್ಥೂಲವಾದ ಅಂದಾಜನ್ನು ಕೊಡಲಿ. ಕೊನೆಗೆ, ಮೆಟ್ಟಿಲುಗಳಲ್ಲಿ ಹಿಡಿದ ಉಪಾಯವನ್ನೇ ಏತಕ್ಕೆ ಹಿಡಿಯಬೇಕಾಯಿತೆಂಬುದನ್ನು ವಿವರಿಸಲಿ. ಮೊದಲಿನ ಮೂರನ್ನು ಮಾಡಿದವನು ಒಳ್ಳೆಯ ಪರಿಶೋಧಕ. ನಾಲ್ಕನೆಯದನ್ನೂ ಮಾಡಿದವನು ವಿಷಯವನ್ನು ಕಲಿತವನು. ಸಾಹಿತ್ಯದ ಅಧ್ಯಾಪಕರಿಗೂ ಈ ಪರೀಕ್ಷೆಯು ಅಪರಿಚಿತವಾದುದಲ್ಲ. ಪದ್ಯದ ತಾತ್ಪರ್ಯವನ್ನು ಎಲ್ಲಿಂದಲೋ ನಕಲುಮಾಡಿ ತಂದ ವಿದ್ಯಾರ್ಥಿಗೆ, ಈ ಅರ್ಥವು ಯಾವ ಪದದಿಂದ ಬಂದಿತೆಂದು ನಾವು ಕೇಳುವ ಪ್ರಶ್ನೆಯೇ ಇದು.

ಕನ್ನಡದಲ್ಲಿ ಕಲನಶಾಸ್ತ್ರವನ್ನು ಬರೆಯುವವರು ನಿಯಮಗಳನ್ನೂ ಮಾಡಿದ ಲೆಕ್ಕಗಳನ್ನೂ ಬೆಳೆಸುತ್ತ ಹೋಗುವುದಕ್ಕಿಂತ, ಯಂತ್ರವು ಕೊಡದೆ ಬಿಟ್ಟಿರುವ ಯುಕ್ತಿಭಾಗವನ್ನು ತಿಳಿಗನ್ನಡದ ಗದ್ಯದಲ್ಲಿ ತುಂಬಿಕೊಡುವುದು ಇಂದಿನ ಅಗತ್ಯವೆಂದು ನಮಗೆ ತೋರುತ್ತದೆ. ಈ ಕೆಲಸದಲ್ಲಿ ಗಣಿತಜ್ಞರೂ ಭಾಷಾಪಂಡಿತರೂ ಜೊತೆಗೂಡಬೇಕು. ಮೇಲೆ ಸೂಚಿಸಿದ ವಿಷಯಗಳಲ್ಲಿ ನ್ಯೂನಾತಿರೇಕಗಳಿದ್ದರೆ ವಿದ್ವಾಂಸರು ತಿದ್ದಿ ವಿಚಾರವನ್ನು ಮುಂದುವರಿಸಬೇಕೆಂದು ಪ್ರಾರ್ಥನೆ.